ಕೋಡಿ ಬಿದ್ದಾಗ ಮುಗಿಯುವ ವರ್ಷ

ಇಲ್ಲದ ನಾಡೊಂದಕ್ಕೆ ಪಂಚಾಂಗ ಬರೆಯುತ್ತಿದ್ದೇನೆ. ಹೇಳಿದರೆ ಜನ ನಗುತ್ತಾರೆ. ಇರುವ ನಾಡಿನ ಕ್ಯಾಲೆಂಡರೇ ಗೋಡೆ ಮೇಲೆ ಸುಮ್ನೆ ನೇತಾಡುತ್ತಿರುತ್ತದೆ, ಹಾಲಿನ ಲೆಕ್ಕ ಬರೆಯೋಕೆ ಬಿಟ್ಟರೆ ಅದನ್ನು ಯಾರೂ ಮುಟ್ಟುವುದಿಲ್ಲ, ನಿನಗೆ ಇನ್ನೊಂದು ಯಾಕೆ ಅನ್ನುತ್ತಾರೆ. ಹಾಲಿನ ಲೆಕ್ಕ ಅಂದರಲ್ಲ, ನನಗೆ ಬೇಕಾದದ್ದು ಅದೇ.

ಬರೆಯುತ್ತಿರುವುದು ಫ್ಯಾಂಟಸಿ ಕಾದಂಬರಿ. ನಕ್ಷೆ ಬೇಗ ಆಯಿತು. ರಾಜರು, ದೇವರು, ದೆವ್ವ, ಯುದ್ಧ ಇನ್ನೂ ಬೇಗ ಆದವು. ಆದರೆ ಕಥೆ ಶುರುವಾಗುವುದು ಒಂದು ಸಾಲಪತ್ರದಿಂದ. ಸಾಲಪತ್ರ ಅಂದಮೇಲೆ ತಾರೀಖು ಬೇಕು. ದುಡ್ಡು ಕೊಟ್ಟಿದ್ದು ಯಾವತ್ತು, ತೀರಿಸಬೇಕಾದ್ದು ಯಾವತ್ತು? ಕತ್ತಿ ಹಿಡಿದು ಹೊಡೆದಾಡುವ ಅಧ್ಯಾಯಗಳನ್ನು ತಾರೀಖಿಲ್ಲದೆ ಬರೆಯಬಹುದು. ಸಾಲ ಕೊಟ್ಟವನು ಮನೆ ಮುಂದೆ ಬಂದು ನಿಲ್ಲುವ ಅಧ್ಯಾಯ ಬರೆಯಲು ಆಗುವುದಿಲ್ಲ.

ಇಂಥ ಕಥೆಗಳಲ್ಲಿ ಆಕಾಶಕ್ಕೆ ಎರಡು ಚಂದ್ರ ತೂಗುಹಾಕುವುದು ರೂಢಿ. ಒಂದಕ್ಕೆ 24 ದಿನಕ್ಕೊಮ್ಮೆ ಹುಣ್ಣಿಮೆ, ಇನ್ನೊಂದಕ್ಕೆ 36 ದಿನಕ್ಕೊಮ್ಮೆ ಅಂತ ಇಟ್ಟರೆ ಪ್ರತಿ 72 ದಿನಕ್ಕೆ ಜೋಡಿ ಹುಣ್ಣಿಮೆ. ಅವತ್ತು ಮಂತ್ರವಾದಿಗಳಿಗೆ ಶಕ್ತಿ ಜಾಸ್ತಿ. ಓದೋಕೆ ಚೆಂದ ಇರುತ್ತದೆ, ಒಪ್ಪುತ್ತೇನೆ. ಆದರೆ ಆ ನಾಡಿನ ರೈತ ಯಾವತ್ತು ಬಿತ್ತುತ್ತಾನೆ, ಕೂಲಿಯವನಿಗೆ ಸಂಬಳ ಯಾವತ್ತು, ಇದು ಯಾವುದೂ ಅಲ್ಲಿ ಇರುವುದಿಲ್ಲ. ಜನವರಿ ಅನ್ನುವ ಕಡೆ 'ಹಿಮದ ತಿಂಗಳು' ಅಂತ ಬರೆದು ಮುಂದೆ ಹೋಗುತ್ತಾರೆ. ನನ್ನ ನಾಡಿಗೆ ಒಂದೇ ಚಂದ್ರ ಸಾಕು ಅಂತ ಮೊದಲೇ ತೀರ್ಮಾನ ಮಾಡಿದೆ. ಒಂದನ್ನೇ ಸಂಭಾಳಿಸೋಕೆ ಮನುಷ್ಯರಿಗೆ ಸಾವಿರಾರು ವರ್ಷ ಹಿಡಿದಿದೆ.

ಯಾಕೆ ಅಂದರೆ ಚಂದ್ರ ಮತ್ತು ಸೂರ್ಯ ಯಾವತ್ತೂ ಲೆಕ್ಕಕ್ಕೆ ಕೂಡುವುದಿಲ್ಲ. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸುಮಾರು 29.53 ದಿನ. ಹನ್ನೆರಡು ಅಮಾವಾಸ್ಯೆಗೆ 354 ದಿನ. ಸೂರ್ಯನ ವರ್ಷ 365 ಕಾಲು. ವರ್ಷಕ್ಕೆ 11 ದಿನ ಕೈಯಲ್ಲಿ ಉಳಿಯುತ್ತವೆ. ಈ 11 ದಿನವನ್ನು ಏನು ಮಾಡಬೇಕು ಅನ್ನುವುದರಲ್ಲೇ ಒಂದೊಂದು ಜನ ಒಂದೊಂದು ದಾರಿ ಹಿಡಿದರು. ಇಸ್ಲಾಮಿನ ಪಂಚಾಂಗ ಅದನ್ನು ಹಾಗೇ ಬಿಟ್ಟಿತು. ಹಾಗಾಗಿ ಮೊಹರಂ ಒಂದು ಕಾಲಕ್ಕೆ ಮಳೆಯಲ್ಲಿ ಬರುತ್ತದೆ, ಇನ್ನೊಂದು ಕಾಲಕ್ಕೆ ಸುಗ್ಗಿಯಲ್ಲಿ. ಸುಮಾರು 33 ವರ್ಷಕ್ಕೆ ಒಂದು ಸುತ್ತು. ನಮ್ಮ ಪಂಚಾಂಗ ಆ ದಿನಗಳನ್ನು ಕೂಡಿಟ್ಟು ಎರಡೂವರೆ ಮೂರು ವರ್ಷಕ್ಕೊಮ್ಮೆ ಒಂದು ಅಧಿಕ ಮಾಸ ಮಾಡಿತು. 2023ರಲ್ಲಿ ಅಧಿಕ ಶ್ರಾವಣ, 2026ರಲ್ಲಿ ಅಧಿಕ ಜ್ಯೇಷ್ಠ. ಅಧಿಕ ಮಾಸದಲ್ಲಿ ಅಳಿಯನನ್ನು ಕರೆದು 33 ಹೋಳಿಗೆಯೋ ಅನಾರಸವೋ ಕೊಡುವ ಪದ್ಧತಿ ಇದೆಯಲ್ಲ. ಒಂದು ಅಧಿಕ ಮಾಸದಿಂದ ಇನ್ನೊಂದಕ್ಕೆ ಸರಾಸರಿ ಸುಮಾರು 33 ತಿಂಗಳು. ಖಗೋಳದ ಇಷ್ಟು ದೊಡ್ಡ ಲೆಕ್ಕ ಕೊನೆಗೆ ಅಳಿಯನ ತಟ್ಟೆಗೆ ಬಂದು ಬಿದ್ದಿದೆ. ಇದಕ್ಕಿಂತ ಒಳ್ಳೆ ಕಲ್ಪನೆಯನ್ನು ನಾನು ಹೊಸದಾಗಿ ಮಾಡಲಾರೆ.

ಆದರೆ ಇದಕ್ಕೆ ಇನ್ನೊಂದು ಮುಖವೂ ಇದೆ. ನಮ್ಮ ಕಡೆ ಹೊಲಮನೆಗೆ ಆಳು ಗೊತ್ತು ಮಾಡುವ ಮಾತು ಯುಗಾದಿಗೆ ಆಗುತ್ತಿತ್ತು. ಯುಗಾದಿಯಿಂದ ಯುಗಾದಿಗೆ ಇಷ್ಟು ಜೋಳ, ಒಂದು ಕಂಬಳಿ, ಒಂದು ಜೊತೆ ಮೆಟ್ಟು. ಅಧಿಕ ಮಾಸ ಇಲ್ಲದ ವರ್ಷ ಅದು 354 ದಿನದ ದುಡಿಮೆ. ಅಧಿಕ ಮಾಸ ಇದ್ದ ವರ್ಷ 384 ದಿನ. ಜೋಳ ಅಷ್ಟೇ, ಕಂಬಳಿ ಒಂದೇ. ಅಳಿಯನಿಗೆ ಹೋಳಿಗೆ ಬಂದ ತಿಂಗಳಲ್ಲಿ ಆಳು ಸುಮ್ಮನೆ ದುಡಿದ. ಪಂಚಾಂಗದ ಬಗ್ಗೆ ಬರೆಯುವವರು ಈ ಮೂವತ್ತು ದಿನದ ಬಗ್ಗೆ ಬರೆದದ್ದು ನನ್ನ ಕಣ್ಣಿಗೆ ಬಿದ್ದಿಲ್ಲ. ನನ್ನ ಕಾದಂಬರಿಗೆ ಬೇಕಾದದ್ದು ಅಲ್ಲೇ ಸಿಕ್ಕಿತು. ಯಾವ ಕಾಲಗಣನೆಯಲ್ಲೂ ಕಥೆ ಇರುವುದು ಲೆಕ್ಕಕ್ಕೆ ಸೇರದೆ ಉಳಿಯುವ ದಿನಗಳಲ್ಲಿ, ಮತ್ತು ಅವು ಯಾರ ಪಾಲಿಗೆ ಬಂದವು ಅನ್ನುವುದರಲ್ಲಿ.

ನನ್ನ ನಾಡು ಎರಡು ಭಾಗ. ಕಪ್ಪು ಮಣ್ಣಿನ ಎರೆನಾಡು, ಕೆಂಪು ಮಣ್ಣಿನ ಮಸಾರಿನಾಡು. ಇದನ್ನು ಕಲ್ಪಿಸಿಕೊಳ್ಳಲು ನನಗೆ ಏನೂ ಕಷ್ಟ ಆಗಲಿಲ್ಲ. ದಾವಣಗೆರೆಯಿಂದ ಹರಿಹರದ ಕಡೆ ಹೋದರೆ ಭದ್ರಾ ಕಾಲುವೆ, ಭತ್ತದ ಗದ್ದೆ, ಮುಂದೆ ತುಂಗಭದ್ರೆ. ಅದೇ ಊರಿಂದ ಜಗಳೂರಿನ ಕಡೆ ಬಸ್ಸು ಹತ್ತಿದರೆ ಸ್ವಲ್ಪ ಹೊತ್ತಿಗೆ ಹಸಿರು ಕಮ್ಮಿಯಾಗುತ್ತಾ ಹೋಗುತ್ತದೆ. ಜನ ಆಕಾಶ ನೋಡಿ ಮಾತಾಡಲು ಶುರು ಮಾಡುತ್ತಾರೆ. ಒಂದೇ ಜಿಲ್ಲೆ, ನೀರಿನ ಲೆಕ್ಕ ಎರಡು. ಹಾಗಿದ್ದಮೇಲೆ ಕಾಲದ ಲೆಕ್ಕವೂ ಎರಡು ಯಾಕಿರಬಾರದು?

ಎರೆನಾಡಿನದು ಹೊಳೆ ದಂಡೆಯ ಬದುಕು. ಅಲ್ಲಿ ವರ್ಷಕ್ಕೆ 381 ದಿನ, ಚಂದ್ರನ ಸುತ್ತು 29 ದಿನ. ಹದಿಮೂರು ತಿಂಗಳು ಸೇರಿದರೆ 377. ಉಳಿದದ್ದು ನಾಲ್ಕು ದಿನ. ದಶಾಂಶ ಬೇಡ ಅಂತ ಬೇಕೆಂದೇ ಪೂರ್ಣ ಸಂಖ್ಯೆ ಇಟ್ಟುಕೊಂಡೆ. ನಮ್ಮ ಭೂಮಿಗೆ ಆ ಭಾಗ್ಯ ಇಲ್ಲ. ವರ್ಷಕ್ಕೆ ಹನ್ನೊಂದು ನಿಮಿಷದ ವ್ಯತ್ಯಾಸ ಶತಮಾನಗಟ್ಟಲೆ ಸೇರಿ ಸೇರಿ, 1582ರಲ್ಲಿ ಪೋಪ್ ಗ್ರೆಗರಿ ಅಕ್ಟೋಬರ್ 4ರ ಮರುದಿನವೇ 15 ಅಂತ ಸಾರಬೇಕಾಯಿತು. ಅದು ಬೇರೆ ಕಥೆ. ನನ್ನ ನಾಡಿನಲ್ಲಿ ನಾಲ್ಕೇ ದಿನದ ತಕರಾರು ಸಾಕಷ್ಟಿತ್ತು.

ಅರಮನೆಯವರಿಗೆ ತೆರಿಗೆ ಎತ್ತಬೇಕು. ಹಾಗಾಗಿ ಪ್ರತಿ ವರ್ಷವೂ ಒಂದೇ ಸಮ ಇರಬೇಕು. ಅವರು ಹದಿಮೂರು ತಿಂಗಳು ಮುಗಿದಮೇಲೆ ನಾಲ್ಕು ದಿನವನ್ನು ಯಾವ ತಿಂಗಳಿಗೂ ಸೇರಿಸದೆ ಹೊರಗಿಟ್ಟರು. ಹೊರದಿನ ಅಂತ ಹೆಸರು. ಈಜಿಪ್ಟಿನವರು ಐದು ದಿನ ಹೀಗೆ ಹೊರಗಿಡುತ್ತಿದ್ದರು. ಇಥಿಯೋಪಿಯಾದಲ್ಲಿ ಇವತ್ತಿಗೂ ಮೂವತ್ತು ದಿನದ ಹನ್ನೆರಡು ತಿಂಗಳಾದಮೇಲೆ ಐದು ಅಥವಾ ಆರು ದಿನದ ಪುಟ್ಟ ಹದಿಮೂರನೇ ತಿಂಗಳಿದೆ. ಆದರೆ ಹೀಗೆ ಮಾಡಿದರೆ ಚಂದ್ರ ಕೈಬಿಟ್ಟು ಹೋಗುತ್ತಾನೆ. ಅರಮನೆಯ ತಿಂಗಳು ಈ ವರ್ಷ ಹುಣ್ಣಿಮೆಗೆ ಶುರುವಾದರೆ ಮುಂದಿನ ವರ್ಷ ಹುಣ್ಣಿಮೆ ಕಳೆದು ನಾಲ್ಕನೇ ದಿನ, ಅದರ ಮುಂದಿನ ವರ್ಷ ಎಂಟನೇ ದಿನ.

ಮನೆಯ ಹೆಂಗಸರು ಮಾತ್ರ ಚಂದ್ರನನ್ನು ಬಿಡಲಿಲ್ಲ. ಅವರ ತಿಂಗಳು ಹುಣ್ಣಿಮೆಯಿಂದಲೇ. ಇದನ್ನು ಬರೆಯುವಾಗ ನನ್ನ ಅಜ್ಜಿ ಪಕ್ಕದಲ್ಲೇ ಕೂತಿದ್ದಳು ಅನ್ನಿಸುತ್ತಿತ್ತು. ಅಜ್ಜಿಗೆ ಜನವರಿ, ಫೆಬ್ರವರಿ ಗೊತ್ತಿರಲಿಲ್ಲ. ಚೈತ್ರ, ವೈಶಾಖ ಅಂತಲೂ ಅವಳು ಹೇಳಿದ್ದು ಕಮ್ಮಿ. ಅವಳದು ದವನದ ಹುಣ್ಣಿಮೆ, ಆಗಿ ಹುಣ್ಣಿಮೆ, ಕಾರ ಹುಣ್ಣಿಮೆ, ಕಡ್ಲಿಗಡಬ ಹುಣ್ಣಿಮೆ, ನೂಲ ಹುಣ್ಣಿಮೆ, ಸೀಗೆ ಹುಣ್ಣಿಮೆ, ಗೌರಿ ಹುಣ್ಣಿಮೆ, ಭಾರತ ಹುಣ್ಣಿಮೆ. ನಡುವೆ ಮಣ್ಣೆತ್ತಿನ ಅಮಾವಾಸ್ಯೆ, ಎಳ್ಳಮಾವಾಸ್ಯೆ. ಒಂದು ಅಂಕಿಯೂ ಇಲ್ಲದ ಪಂಚಾಂಗ. 'ಸೀಗೆ ಹುಣ್ಣಿಮೆ ಆಗಿ ಮೂರನೇ ದಿನ ಹಸು ಕರು ಹಾಕಿತು' ಅಂದರೆ ಮುಗಿಯಿತು, ಮನೆಯವರಿಗೆಲ್ಲ ಗೊತ್ತಾಗುತ್ತಿತ್ತು. ವರ್ಷ ಯಾವುದು ಅಂತ ಕೇಳಿದರೆ ದುಗ್ಗಮ್ಮನ ಜಾತ್ರೆ. ದಾವಣಗೆರೆಯಲ್ಲಿ ಆ ಜಾತ್ರೆ ನಡೆಯುವುದು ಎರಡು ವರ್ಷಕ್ಕೊಮ್ಮೆ. ಹಾಗಾಗಿ 'ಹಿಂದಿನ ಜಾತ್ರೆ ವರ್ಷ', 'ಜಾತ್ರೆ ಇಲ್ಲದ ವರ್ಷ' ಅಂತ ಎಣಿಸಿಕೊಂಡು ಹಿಂದಕ್ಕೆ ಹೋಗುತ್ತಿದ್ದಳು.

ಎರೆನಾಡಿನ ಹುಣ್ಣಿಮೆಗಳಿಗೆ ನಾನಿಟ್ಟ ಹೆಸರುಗಳು ಕುಂಟೆ ಹುಣ್ಣಿಮೆ, ತೆನೆಹಾಲಿನ ಹುಣ್ಣಿಮೆ, ಮೊದಲ ಗುಡುಗಿನ ಹುಣ್ಣಿಮೆ, ಹೀಗೆ. ಹದಿಮೂರನ್ನೂ ಇಲ್ಲಿ ಬರೆದು ಬೇಸರ ಮಾಡುವುದಿಲ್ಲ. ಮಜಾ ಇರುವುದು ಅರಮನೆ ತಿಂಗಳು ಮತ್ತು ಹೆಂಗಸರ ಹುಣ್ಣಿಮೆ ಮತ್ತೆ ಯಾವಾಗ ಕೂಡುತ್ತವೆ ಅನ್ನುವುದರಲ್ಲಿ. ವರ್ಷಕ್ಕೆ ನಾಲ್ಕು ದಿನ ಜಾರಿದರೆ ಏಳು ವರ್ಷಕ್ಕೆ 28 ದಿನ. ಒಂದು ಪೂರ್ತಿ ಸುತ್ತಿಗೆ ಒಂದೇ ದಿನ ಕಮ್ಮಿ. ಇನ್ನೇನು ಕೂಡಿತು ಅನ್ನುವಾಗ ತಪ್ಪಿ ಹೋಗುತ್ತದೆ. ಸರಿಯಾಗಿ ಕೂಡುವುದು 29ನೇ ವರ್ಷಕ್ಕೆ. ಅದಕ್ಕೆ ಆ ನಾಡಿನಲ್ಲಿ, ಮುರಿದುಬಿದ್ದ ಮದುವೆ ಮಾತುಕತೆ ಎಷ್ಟೋ ಕಾಲದ ಮೇಲೆ ಮತ್ತೆ ಕೂಡಿದರೆ 'ಏಳಕ್ಕೆ ತಪ್ಪಿದ್ದು ಇಪ್ಪತ್ತೊಂಬತ್ತಕ್ಕೆ' ಅನ್ನುತ್ತಾರೆ. ಗಾದೆ ಹುಟ್ಟಿದಮೇಲೆ ಆ ಪಂಚಾಂಗದ ಮೇಲೆ ನನಗೆ ನಂಬಿಕೆ ಬಂತು.

ಇನ್ನು ಹೊರದಿನದ ಸಂಬಳ. ತಿಂಗಳಿಗೆ ಸೇರದ ದಿನಕ್ಕೆ ಸಂಬಳ ಇಲ್ಲ ಅಂತ ಅರಮನೆಯ ಕರಣಿಕ ಬರೆದಿಟ್ಟ. ಸರಿ, ತಿಂಗಳಿಗೆ ಸೇರದ ದಿನ ಕೆಲಸವೂ ಇಲ್ಲ ಅಂದರು ಆಳುಗಳು. ಹಸುವಿಗೆ ಇದೆಲ್ಲ ಗೊತ್ತಾಗುತ್ತಾ? ಅದು ಹೊತ್ತಿಗೆ ಸರಿಯಾಗಿ ಕೂಗಿತು. ಕೊನೆಗೆ ಗೌಡರೇ ಕೊಟ್ಟಿಗೆಗೆ ಹೋಗಿ ಹಾಲು ಕರೆದರು. ಗೌಡತಿ ಸಗಣಿ ಬಾಚಿದಳು. ಈಗ ಅದೇ ಅಲ್ಲಿನ ದೊಡ್ಡ ಹಬ್ಬ. ಆ ನಾಲ್ಕು ದಿನ ಆಳುಗಳು ಜಗಲಿ ಮೇಲೆ ಕೂರುತ್ತಾರೆ, ಒಡೆಯರು ಬಡಿಸುತ್ತಾರೆ. ಅದು ಹಬ್ಬವಾಗಿ ಶುರುವಾದದ್ದಲ್ಲ, ಜಗಳವಾಗಿ ಶುರುವಾದದ್ದು ಅನ್ನುವುದನ್ನು ಮಾತ್ರ ಒಡೆಯರು ಮರೆತಿದ್ದಾರೆ.

ಮಸಾರಿನಾಡಿಗೆ ಬರೋಣ. ನಾನು ಜಾಸ್ತಿ ದಿನ ಕೂತದ್ದು ಇಲ್ಲೇ.

ಮೊದಲು ಮಳೆ ನಕ್ಷತ್ರಗಳನ್ನು ಹಾಗೇ ತೆಗೆದುಕೊಳ್ಳೋಣ ಅನ್ನಿಸಿತ್ತು. ಸೂರ್ಯ ಒಂದೊಂದು ನಕ್ಷತ್ರದಲ್ಲಿ ಹದಿಮೂರು ಹದಿನಾಲ್ಕು ದಿನ ಇರುತ್ತಾನೆ. ಏಪ್ರಿಲ್ ನಡುವೆ ಅಶ್ವಿನಿ, ಮೇ ಕೊನೆಗೆ ರೋಹಿಣಿ, ಜೂನ್ 22ರ ಹೊತ್ತಿಗೆ ಆರಿದ್ರೆ. ರೋಹಿಣಿ ಮಳೆ ಬಂದರೆ ಓಣಿಯೆಲ್ಲಾ ಜೋಳ. ಮಘೆ ಮಳೆ ಬಂದಷ್ಟು ಒಳ್ಳೇದು, ಮನೆ ಮಗ ಉಂಡಷ್ಟು ಒಳ್ಳೇದು. ರೈತನಿಗೆ ಇದಕ್ಕಿಂತ ಒಳ್ಳೆ ಕ್ಯಾಲೆಂಡರ್ ಇಲ್ಲ. ಆದರೆ ಇದರಲ್ಲೂ ಒಂದು ಜಾರುವಿಕೆ ಇದೆ. ಭೂಮಿಯ ಅಕ್ಷ ನಿಧಾನಕ್ಕೆ ತಿರುಗುವುದರಿಂದ ಸುಮಾರು 72 ವರ್ಷಕ್ಕೆ ಒಂದು ದಿನ ನಕ್ಷತ್ರಗಳು ಋತುವಿಗಿಂತ ಹಿಂದೆ ಬೀಳುತ್ತವೆ. ಸಾವಿರ ವರ್ಷಕ್ಕೆ ಹತ್ತಿರ ಹತ್ತಿರ ಹದಿನಾಲ್ಕು ದಿನ. ಅಂದರೆ ಒಂದು ಪೂರ್ತಿ ಮಳೆ ನಕ್ಷತ್ರ! ಇವತ್ತು ನಾವು ರೋಹಿಣಿ ಮಳೆ ಅನ್ನುವ ದಿನಗಳಲ್ಲಿ ಬೀಳುವ ಮಳೆಯನ್ನು ಸಾವಿರ ವರ್ಷದ ಹಿಂದಿನ ರೈತ ಮೃಗಶಿರ ಮಳೆ ಅನ್ನುತ್ತಿದ್ದ. ಮಳೆ ಅದೇ ಮಳೆ, ಗಾದೆ ಮಾತ್ರ ಪಕ್ಕದ ಮನೆಯದು. ಜಗಳೂರು, ಚಳ್ಳಕೆರೆ ಕಡೆಯ ರೈತರಿಗೆ ಇದನ್ನು ಹೇಳಿ ನೋಡಿ. ನಕ್ಷತ್ರ ಯಾವುದಾದರೂ ಇರಲಿ, ಮಳೆ ಬರಲಿ ಸಾಕು ಅನ್ನುತ್ತಾರೆ.

ಆ ಮಾತನ್ನೇ ನಾನು ಹಿಡಿದುಕೊಂಡೆ. ಮಳೆಯೇ ನೆಚ್ಚಿಕೊಳ್ಳಲು ಆಗದ ನಾಡಿನಲ್ಲಿ ವರ್ಷವನ್ನು ನಕ್ಷತ್ರದಿಂದ ಯಾಕೆ ಎಣಿಸಬೇಕು? ನೀರಿನಿಂದಲೇ ಎಣಿಸಲಿ. ಹಿರೇಕೆರೆ ತುಂಬಿ ಕೋಡಿ ಬಿದ್ದಾಗ, ಅಂದರೆ ಹೆಚ್ಚಾದ ನೀರು ಆಚೆ ಹರಿದಾಗ, ವರ್ಷ ಮುಗಿಯಿತು. ಮತ್ತೆ ಕೋಡಿ ಬೀಳುವ ತನಕ ಅದೇ ವರ್ಷ.

ಇದು ಬರೀ ತಲೆಯಿಂದ ಬಂದದ್ದಲ್ಲ. ಹಿರಿಯೂರಿನ ಹತ್ತಿರ ವೇದಾವತಿಗೆ ಕಟ್ಟಿದ ವಾಣಿವಿಲಾಸ ಸಾಗರ, ನಮ್ಮ ಬಾಯಲ್ಲಿ ಮಾರಿಕಣಿವೆ, ಇದೆಯಲ್ಲ. 1907ರಲ್ಲಿ ಕಟ್ಟಿ ಮುಗಿಸಿದರು. ಅದು ಮೊದಲು ಕೋಡಿ ಬಿದ್ದದ್ದು 1933ರಲ್ಲಿ. ಎರಡನೇ ಸಲ 2022ರ ಸೆಪ್ಟೆಂಬರಿನಲ್ಲಿ. ನಡುವೆ 89 ವರ್ಷ. ಮೂರನೇ ಸಲ 2025ರ ಜನವರಿಯಲ್ಲೇ. ಈಗ ಇದನ್ನು ಪಂಚಾಂಗ ಅಂದುಕೊಳ್ಳಿ. 1934ರಲ್ಲಿ ಹಿರಿಯೂರಿನಲ್ಲಿ ಹುಟ್ಟಿ 2020ರಲ್ಲಿ ತೀರಿಕೊಂಡ ಅಜ್ಜ ಒಂದೂ ವರ್ಷ ಪೂರೈಸಲಿಲ್ಲ. 2022ರ ಆಗಸ್ಟಿನಲ್ಲಿ ಹುಟ್ಟಿದ ಮಗು ಮಾತು ಕಲಿಯುವ ಹೊತ್ತಿಗೆ ಎರಡು ವರ್ಷ ದಾಟಿತು. 2022ರಲ್ಲಿ ಕೋಡಿ ನೋಡಲು ಹೋದ ಜನಜಂಗುಳಿಯಲ್ಲಿ ನಾನೂ ಇದ್ದೆ. 'ನಮ್ಮಪ್ಪ ನೋಡಲಿಲ್ಲ, ನಾನು ನೋಡಿದೆ' ಅಂತ ಮುದುಕರು ಹೇಳುತ್ತಿದ್ದರು. ವಯಸ್ಸನ್ನು ಕೋಡಿಯಲ್ಲಿ ಎಣಿಸುವ ಜನ ಹೇಗಿರುತ್ತಾರೆ ಅಂತ ನಾನು ಬೇರೆ ಎಲ್ಲೂ ಹುಡುಕಬೇಕಾಗಿರಲಿಲ್ಲ.

ನನ್ನ ಹಿರೇಕೆರೆ ಅಷ್ಟು ದೊಡ್ಡದಲ್ಲ. ಸೂರ್ಯನ ಲೆಕ್ಕದಲ್ಲಿ ಒಂದು ವರ್ಷಕ್ಕೂ ತುಂಬಬಹುದು, ಒಂಬತ್ತು ವರ್ಷವೂ ಹಿಡಿಯಬಹುದು, ದೊಡ್ಡ ಬರ ಬಿದ್ದರೆ ಅದಕ್ಕಿಂತ ಬಹಳ ಜಾಸ್ತಿಯೂ. ತಿಂಗಳಿನ ಜಾಗಕ್ಕೆ ಏನು ಅನ್ನುವುದಕ್ಕೆ ಚಿತ್ರದುರ್ಗದ ಕೋಟೆ ಉತ್ತರ ಕೊಟ್ಟಿತು. ಬೆಟ್ಟದ ಮೇಲೆ ಬಿದ್ದ ಮಳೆ ಗೋಪಾಲಸ್ವಾಮಿ ಹೊಂಡ ಸೇರುತ್ತದೆ. ಅದು ತುಂಬಿ ಅಕ್ಕ ತಂಗಿ ಹೊಂಡಕ್ಕೆ, ಅಲ್ಲಿಂದ ಸಿಹಿನೀರು ಹೊಂಡಕ್ಕೆ, ಕೊನೆಗೆ ಊರೊಳಗಿನ ಸಂತೆ ಹೊಂಡಕ್ಕೆ. ಪಾಳೆಯಗಾರರ ಕಾಲದವರು ಒಂದು ಹನಿ ಹಾಳು ಮಾಡದ ಹಾಗೆ ಕಟ್ಟಿದ ಸಾಲು ಅದು. ನೋಡಲು ಬರುವವರು ಓಬವ್ವನ ಕಿಂಡಿ ನೋಡಿ ಫೋಟೋ ತೆಗೆಸಿಕೊಂಡು ಇಳಿದುಬಿಡುತ್ತಾರೆ. ಈ ಹೊಂಡಗಳ ಹತ್ತಿರ ಸ್ವಲ್ಪ ನಿಂತರೆ ಕೋಟೆ ಹೆಚ್ಚು ಅರ್ಥವಾಗುತ್ತದೆ ಅನ್ನುವುದು ನನ್ನ ಅಭಿಪ್ರಾಯ.

ಮಸಾರಿನಾಡಿನಲ್ಲಿ ಏಳು ಕೆರೆಗಳ ಸಾಲಿದೆ. ಮೇಲಿನ ಕೆರೆ ತುಂಬಿದರೆ ವರ್ಷದ ಮೊದಲ ಕಾಲ. ಅದರ ನೀರು ಎರಡನೇ ಕೆರೆಯನ್ನು ತುಂಬಿಸಿದರೆ ಎರಡನೇ ಕಾಲ. ಏಳನೆಯದು ಹಿರೇಕೆರೆ. ಅಲ್ಲಿ ಇವತ್ತು ಯಾವ ದಿನ ಅಂತ ಕೇಳುವುದಿಲ್ಲ, ನೀರು ಎಲ್ಲಿಗೆ ಬಂತು ಅಂತ ಕೇಳುತ್ತಾರೆ. ಬರ ಬಿದ್ದು ಮೂರನೇ ಕೆರೆ ಒಣಗಿದರೆ ಕಾಲ ಹಿಂದಕ್ಕೆ ಹೋಯಿತು ಅನ್ನಬೇಕಾ? ಇದಕ್ಕೆ ಅವರಲ್ಲೇ ಎರಡು ಪಂಗಡ. ಒಮ್ಮೆ ತುಂಬಿದ ಕೆರೆ ತುಂಬಿದ್ದೇ ಅನ್ನುವವರು ಒಂದು ಕಡೆ. ಒಣ ಕೆರೆಯ ಮುಂದೆ ನಿಂತು ತುಂಬಿದೆ ಅಂತ ಹೇಗೆ ಹೇಳೋದು ಅನ್ನುವವರು ಇನ್ನೊಂದು ಕಡೆ. ನಾನು ಮೊದಲಿನವರ ಪರ. ಇಲ್ಲದಿದ್ದರೆ ಕಥೆಯೇ ಹಿಂದಕ್ಕೆ ನಡೆಯುತ್ತದೆ.

ಒಂದು ಕೋಡಿ ಕಂಡವನು ಪ್ರಾಯದವನು ಅಂತ ಅಲ್ಲಿನ ಕಟ್ಟಳೆ. ಹಾಗಾಗಿ ಬರಗಾಲ ಉದ್ದವಾದರೆ ಮೀಸೆ ಬಂದವರೂ ಹುಡುಗರೇ. ಅಪ್ಪ ಸತ್ತರೂ ಹೊಲ ಅವರ ಹೆಸರಿಗೆ ಆಗುವುದಿಲ್ಲ. ಪಂಚಾಯ್ತಿಯಲ್ಲಿ ಮಾತಾಡುವ ಹಾಗಿಲ್ಲ. ಮಳೆ ಬಂತು ಅಂದರೆ ಒಂದೇ ರಾತ್ರಿಯಲ್ಲಿ ಊರು ತುಂಬ ಗಂಡಸರು. ಆ ರಾತ್ರಿಯ ಅಧ್ಯಾಯ ಬರೆಯುವಾಗ ನನಗೆ ಬಹಳ ಖುಷಿಯಾಯಿತು.

ಎರಡೂ ನಾಡಿನ ಗಡಿಯಲ್ಲಿ ನಡುಪೇಟೆ ಅಂತ ಒಂದು ವ್ಯಾಪಾರದ ಊರು. ಹತ್ತಿ, ಕಡ್ಲೆಕಾಯಿ, ಮಂಡಕ್ಕಿ, ಎಲ್ಲ ಅಲ್ಲೇ ಮಾರಾಟ. ನಮ್ಮೂರಿನ ವಾಸನೆ ಹೊಡೆದರೆ ಹೊಡೆಯಲಿ. ನನ್ನ ಸಾಲಪತ್ರ ಹುಟ್ಟುವುದು ಅಲ್ಲಿ. ಎರೆನಾಡಿನ ಸಾಹುಕಾರ, ಮಸಾರಿನಾಡಿನ ರೈತ. ಪತ್ರಕ್ಕೆ ಯಾರ ಪಂಚಾಂಗ?

ನಮ್ಮ ಶಾಸನಗಳನ್ನು ಬರೆದವರಿಗೆ ಈ ಕಷ್ಟ ಚೆನ್ನಾಗಿ ಗೊತ್ತಿತ್ತು. ಹರಿಹರದ ಗುಡಿಯಲ್ಲಿರುವಂಥ ಶಾಸನಗಳಲ್ಲಿ ಶಕ ವರ್ಷ, ಸಂವತ್ಸರದ ಹೆಸರು, ಮಾಸ, ಪಕ್ಷ, ತಿಥಿ, ವಾರ ಎಲ್ಲ ಒಟ್ಟಿಗೆ ಬರುತ್ತವೆ. ಗ್ರಹಣವೋ ಸಂಕ್ರಮಣವೋ ಇದ್ದರೆ ಅದೂ. ಒಂದು ತಪ್ಪಿದರೂ ಇನ್ನೊಂದು ಹಿಡಿಯುತ್ತದೆ. ಬರೀ ಸಂವತ್ಸರ ನಂಬಿದರೆ ಏನಾಗುತ್ತದೆ ಅಂತ ನೋಡಿ. 2025ರ ಯುಗಾದಿಗೆ ನಮಗೆ ವಿಶ್ವಾವಸು ಬಂತು. ಉತ್ತರ ಭಾರತದ ಪಂಚಾಂಗದಲ್ಲಿ ಆ ವರ್ಷಕ್ಕೆ ಬೇರೆ ಹೆಸರು. ಅವರು ಗುರುಗ್ರಹದ ನಡಿಗೆ ಹಿಡಿದು ಸುಮಾರು 85 ವರ್ಷಕ್ಕೊಮ್ಮೆ ಒಂದು ಹೆಸರು ಬಿಟ್ಟು ಮುಂದೆ ಹೋಗುತ್ತಾರೆ. ನಾವು ಬಿಡುವುದಿಲ್ಲ. ಹೀಗೇ ಹತ್ತಕ್ಕಿಂತ ಜಾಸ್ತಿ ಹೆಸರುಗಳ ಅಂತರ ಬಿದ್ದಿದೆ. ಅದೇ ಅರವತ್ತು ಹೆಸರು, ಅದೇ ಕ್ರಮ, ಆದರೂ ಒಂದು ಕಡೆಯ ಕರಾರು ಇನ್ನೊಂದು ಕಡೆ ನಡೆಯುವುದಿಲ್ಲ.

ಇನ್ನೊಂದು ಬಗೆಯ ಎಣಿಕೆ ಇನ್ನೂ ಹಳೆಯದು. ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನ ಇದೆ. 1892ರಲ್ಲಿ ಬಿ. ಎಲ್. ರೈಸ್ ಪತ್ತೆ ಮಾಡಿದ್ದು. ಅದರಲ್ಲಿ ಶಕವೂ ಇಲ್ಲ, ತಿಥಿಯೂ ಇಲ್ಲ. ಉಪಾಸಕನಾಗಿ ಎರಡೂವರೆ ವರ್ಷಕ್ಕಿಂತ ಜಾಸ್ತಿ ಆಯಿತು ಅನ್ನುವ ಮಾತಿದೆ. 256 ಅನ್ನುವ ಅಂಕಿಯೂ ಇದೆ. ಪ್ರಯಾಣದಲ್ಲಿ ಕಳೆದ 256 ರಾತ್ರಿಗಳು ಅಂತ ಅದನ್ನು ವಿದ್ವಾಂಸರು ಅರ್ಥ ಮಾಡುತ್ತಾರೆ. ಮನೆ ಬಿಟ್ಟವರು ರಾತ್ರಿ ಎಣಿಸುತ್ತಾರೆ. ನಡುಪೇಟೆಗೆ ಬರುವ ಕುರಿಗಾರರಿಗೆ ನಾನು ಇದನ್ನೇ ಕೊಟ್ಟೆ. ಅವರಿಗೆ ವರ್ಷವೇ ಇಲ್ಲ. ಹಟ್ಟಿ ಬಿಟ್ಟ ರಾತ್ರಿಯಿಂದ ಹಗ್ಗಕ್ಕೆ ಗಂಟು ಹಾಕುತ್ತಾರೆ, ವಾಪಸ್ ಹೋದಮೇಲೆ ಬಿಚ್ಚುತ್ತಾರೆ.

ವಾರದ ಬಗ್ಗೆ ಬೇಗ ಹೇಳಿ ಮುಗಿಸುತ್ತೇನೆ. ನಮ್ಮ ಹಳ್ಳಿಗಳಲ್ಲಿ ಸೋಮವಾರ ಎತ್ತಿನ ಹೆಗಲಿಗೆ ನೊಗ ಇಡುವುದಿಲ್ಲ. ಉಳಿದ ವಾರವೆಲ್ಲ ಸಂತೆಯ ಮೇಲೆ ನಿಂತಿರುತ್ತದೆ. ಹಳೆಯ ರೋಮಿನಲ್ಲೂ ಎಂಟು ದಿನದ ಸಂತೆಯ ಸುತ್ತು ಇತ್ತು. ಫ್ರಾನ್ಸಿನ ಕ್ರಾಂತಿಯವರು 1793ರಲ್ಲಿ ಹತ್ತು ದಿನದ ವಾರ ತಂದರು. ಏಳಕ್ಕೊಂದು ಸಿಗುತ್ತಿದ್ದ ಬಿಡುವು ಹತ್ತಕ್ಕೊಂದಾದರೆ ಯಾರು ಒಪ್ಪುತ್ತಾರೆ? 1806ಕ್ಕೆ ಅವರ ಪಂಚಾಂಗವೇ ಹೋಯಿತು. ನಡುಪೇಟೆಯ ಸುತ್ತ ಎಂಟು ಹಳ್ಳಿ, ದಿನಕ್ಕೊಂದು ಸಂತೆ, ದಿನಕ್ಕೆ ಆ ಹಳ್ಳಿಯದೇ ಹೆಸರು. ಒಂದು ಹಳ್ಳಿ ರೋಗ ಬಂದು ಹಾಳಾಯಿತು. ಅವತ್ತಿನಿಂದ ವಾರಕ್ಕೆ ಏಳೇ ದಿನ. ಆ ಹಳ್ಳಿಯಿಂದ ಉಳಿದು ಬಂದ ಒಬ್ಬ ಮುದುಕಿ ಮಾತ್ರ ಎಂಟು ಎಣಿಸುತ್ತಾಳೆ. ಅವಳ ದಿನ ಯಾರ ದಿನಕ್ಕೂ ಸರಿಹೋಗುವುದಿಲ್ಲ.

ಸಾಲಪತ್ರಕ್ಕೆ ಬಂದೆ. ರೈತ ಹೇಳಿದ, ಕೋಡಿಗೆ ತೀರಿಸುತ್ತೇನೆ. ಒಂದಕ್ಕೆ ಒಂದೂವರೆ. ಸಾಹುಕಾರ ಒಪ್ಪಿದ. ಮುಂದಿನ ಮಳೆಗೇ ಕೋಡಿ ಬಿದ್ದರೆ ಅದು ವರ್ಷಕ್ಕೆ ನೂರಕ್ಕೆ ಐವತ್ತರ ಬಡ್ಡಿ. ಒಂಬತ್ತು ವರ್ಷ ಹಿಡಿದರೆ ನೂರಕ್ಕೆ ಆರಕ್ಕಿಂತ ಕಮ್ಮಿ. ಮೇಲ್ನೋಟಕ್ಕೆ ಜೂಜು ಅನ್ನಿಸುತ್ತದೆ. ಸ್ವಲ್ಪ ಯೋಚಿಸಿದರೆ ಮಸಾರಿನಾಡಿನ ಹಿರಿಯರ ಜಾಣತನ ಕಾಣುತ್ತದೆ. ಕೆರೆ ತುಂಬಿದಾಗಲೇ ಸಾಲದ ಗಡುವು. ಅಂದರೆ ಬೆಳೆ ಬಂದಾಗಲೇ. ಬರ ಇರುವ ತನಕ ವರ್ಷವೇ ಮುಗಿಯುವುದಿಲ್ಲ, ಕೇಳೋಕೆ ಯಾರೂ ಬರುವ ಹಾಗಿಲ್ಲ. ಸಾಲಮನ್ನಾ ಬೇಡ, ಅರ್ಜಿ ಬೇಡ. ಪಂಚಾಂಗವೇ ರೈತನ ಪರ ನಿಂತಿದೆ. ಜೂನ್ ತಿಂಗಳಲ್ಲಿ ಬಿತ್ತನೆಗೆ ಸಾಲ ಮಾಡಿ ಮಳೆ ಕೈಕೊಟ್ಟರೂ ಕಂತಿನ ತಾರೀಖು ಮಾತ್ರ ಸರಿಯಾಗಿ ಬರುವುದನ್ನು ನೋಡಿ ಬೆಳೆದವನು ನಾನು. ಈ ಕಟ್ಟಳೆ ಬರೆಯುವಾಗ ಅದು ತಲೆಯಲ್ಲಿ ಇರಲಿಲ್ಲ ಅಂದರೆ ಸುಳ್ಳಾಗುತ್ತದೆ.

ಕೋಡಿ ಬಿತ್ತು ಅಂತ ಸಾರುವ ಹಕ್ಕು ಕೆರೆಯ ನೀರು ನೋಡಿಕೊಳ್ಳುವ ನೀರಗಂಟಿಯದು. ಅವನು ಕೋಡಿಕಲ್ಲಿನ ಮೇಲೆ ಒಂದು ಮುತ್ತುಗದ ಎಲೆ ಇಡುತ್ತಾನೆ. ಎಲೆ ತಾನಾಗಿ ತೇಲಿ ಆಚೆ ಹೋದರೆ ಕೋಡಿ. ಗಾಳಿಗೆ ಬಂದ ಅಲೆ ತಗುಲಿ ಹೋದರೆ ಲೆಕ್ಕಕ್ಕಿಲ್ಲ. ಇಷ್ಟೇ ನಿಯಮ. ಇಡೀ ನಾಡಿನ ವಯಸ್ಸು, ಆಸ್ತಿ, ಮದುವೆ, ಸಾಲ ಎಲ್ಲ ಆ ಎಲೆಯ ಮೇಲೆ.

ಯಾರ ಕೈಯಲ್ಲಿ ವರ್ಷ ಇದೆಯೋ ಅವರ ಮೇಲೆ ಒತ್ತಡ ಬರದೆ ಇರುತ್ತದಾ? ರೋಮಿನಲ್ಲಿ ಹೆಚ್ಚುವರಿ ತಿಂಗಳು ಸೇರಿಸುವ ಅಧಿಕಾರ ಪುರೋಹಿತರ ಕೈಯಲ್ಲಿತ್ತು. ತಮಗೆ ಬೇಕಾದವರು ಅಧಿಕಾರದಲ್ಲಿದ್ದರೆ ವರ್ಷ ಉದ್ದ ಮಾಡುತ್ತಿದ್ದರು, ಬೇಡದವರಿದ್ದರೆ ಸುಮ್ಮನಿರುತ್ತಿದ್ದರು. ಕೊನೆಗೆ ಎಲ್ಲ ಸರಿಮಾಡಲು ಸೀಸರ್ ಕ್ರಿ.ಪೂ. 46ನ್ನು 445 ದಿನದ ವರ್ಷ ಮಾಡಬೇಕಾಯಿತು. ನನ್ನ ಸಾಹುಕಾರನಿಗೆ ರೋಮಿನ ವಿಷಯ ಗೊತ್ತಿಲ್ಲ. ಆದರೆ ಅವನ ಕಡೆ ಹೊಳೆ ಇದೆ.

ಅವನು ಧರ್ಮಕಾರ್ಯ ಅಂತ ಹೇಳಿ ಹೊಳೆಯಿಂದ ಹಿರೇಕೆರೆಗೆ ಕಾಲುವೆ ತೋಡಿಸುತ್ತಾನೆ. ಬಾಯಾರಿದ ನಾಡಿಗೆ ನೀರು ಬರುತ್ತದೆ ಅಂದರೆ ಬೇಡ ಅನ್ನುವವರು ಯಾರು? ಜನ ಹಾರ ಹಾಕಿ ಮೆರವಣಿಗೆ ಮಾಡುತ್ತಾರೆ. ಮೇಲಿನ ಆರು ಕೆರೆ ಒಣಗೇ ಇವೆ. ಹೊಲದಲ್ಲಿ ಧೂಳು. ಏಳನೆಯದು ಮಾತ್ರ ದಿನ ದಿನ ಏರುತ್ತಿದೆ. ಅದು ತುಂಬಿದ ದಿನ ಎಲ್ಲರ ಸಾಲದ ಗಡುವು.

ಮಾರಿಕಣಿವೆಗೆ ಈಗ ಭದ್ರಾ ಮೇಲ್ದಂಡೆ ಯೋಜನೆಯಲ್ಲಿ ಭದ್ರೆಯ ನೀರು ಬರುತ್ತಿದೆ. 2025ರ ಕೋಡಿಯಲ್ಲಿ ಆ ನೀರೂ ಸೇರಿತ್ತು. ಅದು ಒಳ್ಳೆಯದೇ, ಕುಡಿಯುವ ನೀರಿಗೆ ಅಲೆದವರಿಗೆ ಗೊತ್ತು. ನನ್ನ ಸಾಹುಕಾರನ ದುಷ್ಟತನವನ್ನು ಯಾರೂ ಅದಕ್ಕೆ ಅಂಟಿಸಬೇಡಿ. ಆದರೆ ಬೇರೆ ಹೊಳೆಯ ನೀರು ಬಂದು ಕೋಡಿ ಬಿದ್ದರೆ ಅದನ್ನು ನಮ್ಮ ಕೋಡಿ ಅಂತ ಎಣಿಸಬೇಕಾ ಅನ್ನುವ ಪ್ರಶ್ನೆ ನನಗೆ ಬಂದದ್ದು ಅಲ್ಲಿಂದ. ಗೆಳೆಯರ ಜೊತೆ ಮಂಡಕ್ಕಿ ಮೆಣಸಿನಕಾಯಿ ತಿನ್ನುತ್ತಾ ಇದನ್ನು ಎತ್ತಿದರೆ ಇಬ್ಬರು ಎಣಿಸಬೇಕು ಅಂದರು, ಒಬ್ಬ ಕೂಡದು ಅಂತ ಮೇಜು ಕುಟ್ಟಿದ. ಅವನ ಊರು ಜಗಳೂರಿನ ಆಚೆ.

ನಿಯಮದಲ್ಲಿ ಎಲೆ ತೇಲಬೇಕು ಅಂತಿದೆ. ಯಾವ ನೀರಿಗೆ ಅಂತ ಇಲ್ಲ. ಹಿಂದಿನವರು ಬರೆಯಲಿಲ್ಲ, ಬೇರೆ ನೀರು ಬರಬಹುದು ಅಂತ ಅವರಿಗೆ ಹೊಳೆದಿರಲೇ ಇಲ್ಲ. ಊರಿನವರು ಹೇಳುತ್ತಾರೆ, ಮಸಾರಿ ನೆಲದ ಮೇಲೆ ಹರಿದು ಬಂದ ನೀರು ಕೆಂಪಗಿರುತ್ತದೆ, ಇದು ತಿಳಿ ಇದೆ, ಇದು ಕೋಡಿ ಅಲ್ಲ. ಸಾಹುಕಾರನ ಕರಣಿಕ ಹೇಳುತ್ತಾನೆ, ಬಣ್ಣದ ಮಾತು ಯಾವ ಪತ್ರದಲ್ಲಿದೆ ತೋರಿಸಿ. ಪ್ರಾಯಕ್ಕೆ ಬರಲು ಕಾದು ಕೂತ ಹುಡುಗರು ಹೇಳುತ್ತಾರೆ, ಯಾವ ಬಣ್ಣವಾದರೇನು, ಕೋಡಿ ಅನ್ನಿ, ನಮಗೆ ಮೂವತ್ತಾಗುತ್ತಾ ಬಂತು. ಇದನ್ನು ನಾನು ಮೊದಲು ಯೋಚಿಸಿರಲಿಲ್ಲ. ಬರೆಯುತ್ತಾ ಹೋದಂತೆ ಆ ಹುಡುಗರು ತಾವಾಗಿ ಬಂದು ನಿಂತರು. ಅವರ ಮಾತಿನಲ್ಲೂ ನ್ಯಾಯ ಇದೆ. ಊರು ಇಬ್ಭಾಗವಾಗಿರುವುದು ಸಾಹುಕಾರನಿಂದ ಅಷ್ಟೇ ಅಲ್ಲ, ಮನೆ ಮನೆಯಲ್ಲಿ ಅಪ್ಪ ಒಂದು ಕಡೆ, ಮಗ ಇನ್ನೊಂದು ಕಡೆ.

ಈಗ ಕಥೆ ಇರುವುದು ಅಲ್ಲಿ. ಎಲೆ ಇಡುವ ದಿನ. ಏರಿ ಮೇಲೆ ಜನ ಸೇರಿದ್ದಾರೆ. ನೀರಗಂಟಿ ಏನು ಸಾರುತ್ತಾನೆ ಅಂತ ನಾನು ಇನ್ನೂ ಬರೆದಿಲ್ಲ. ಅವನ ಮಗನಿಗೂ ಮೀಸೆ ಬಂದು ಬಹಳ ಕಾಲವಾಗಿದೆ. ನೀರಗಂಟಿಯ ಹೆಸರಿನಲ್ಲೂ ಅದೇ ಸಾಹುಕಾರನ ಹತ್ತಿರ ಒಂದು ಪತ್ರ ಇದೆ, ಕೋಡಿಗೆ ತೀರಿಸುತ್ತೇನೆ ಅಂತ.